ಪೂರ್ವದ ಕಡೆಯ ನ್ಯೂಟ್ರಾನ್

ಮಾರ್ಚ್ 4, ಮಂಗಳವಾರ

ಬೆಳಗ್ಗೆಯಿಂದ ಶಾಟ್ ಮೇಲೆ ಶಾಟ್, ಅಂದರೆ ಯಂತ್ರದೊಳಗಿನ ಜಲಜನಕಕ್ಕೆ ಒಮ್ಮೆಲೇ ಭಾರಿ ಕರೆಂಟು ಹರಿಸುವುದು. ಪ್ರತಿ ಸಲವೂ ಯಂತ್ರ ತಣಿಯುವವರೆಗೆ ಕಾಯುವುದು, ಚಹಾ, ಮತ್ತೆ ಶಾಟ್. ಊಟದ ನಂತರದ ಶಾಟಿಗೆ ನನ್ನ ಎಣಿಕೆಯಂತ್ರಗಳು ಚಟಪಟ ಅಂದವು. ನ್ಯೂಟ್ರಾನ್... ಸೂರ್ಯನಲ್ಲಿ ಆಗುವ ಹಾಗೆ ಜಲಜನಕ ಬೆಸೆದುಕೊಂಡಿದೆ ಅಂತ ಅರ್ಥ. ಇಷ್ಟು ವರ್ಷ ಚಿಟಿಕೆಯಷ್ಟೂ ಕೊಡದಿದ್ದದ್ದು ಇವತ್ತು ಬೊಗಸೆ ತುಂಬ ಕೊಟ್ಟಿತು.

ಗೆಥಿನ್ ಮೇಜಿಗೆ ಹಣೆ ಆನಿಸಿ ಅತ್ತುಬಿಟ್ಟರು. ನಾನು ಶಾಲೆಗೆ ಹೋಗುತ್ತಿದ್ದ ಕಾಲದಲ್ಲೇ ಈ ಯಂತ್ರ ಅವರ ತಲೆಯಲ್ಲಿ ಹುಟ್ಟಿತ್ತು. ನಾನೂ ಅತ್ತೆ.

ಮಾರ್ಚ್ 6

ಮುಂದಿನ ಗುರುವಾರ ಘೋಷಣೆಯಂತೆ. ಯಂತ್ರವಿರುವ ನಮ್ಮ ಶೆಡ್ಡಿನ ಪಕ್ಕದ ಹೊಲದಲ್ಲಿ ಟೆಂಟು, ಪತ್ರಿಕೆಯವರು, ಹೂಡಿಕೆದಾರರು. ಕಂಪನಿಯ ಮುಖ್ಯಸ್ಥೆ ಇಮೊಜೆನ್ ಆಗಲೇ ವಿದ್ಯುತ್ ಸ್ಥಾವರಕ್ಕೆ ಜಾಗ ನೋಡುವ ಮಾತಾಡುತ್ತಿದ್ದಾಳೆ. ಹೂಡಿಕೆ ಬಾರದಿದ್ದರೆ ಈ ಶೆಡ್ಡಿಗೇ ಬೀಗ. ಎಲ್ಲರಿಗೂ ಗೊತ್ತು, ಯಾರೂ ಬಾಯಿ ಬಿಡುವುದಿಲ್ಲ.

ನನಗೆ ಮಾತ್ರ ಒಂದು ಅಂಕಿ ಸರಿಕಾಣುತ್ತಿಲ್ಲ. ಯಂತ್ರದ ಪೂರ್ವಕ್ಕೊಂದು, ಪಶ್ಚಿಮಕ್ಕೊಂದು ಎಣಿಕೆಯಂತ್ರ ಇಟ್ಟಿದ್ದೇನೆ, ಅವು ನ್ಯೂಟ್ರಾನಿನ ರಭಸವನ್ನೂ ಅಳೆಯುತ್ತವೆ. ಪೂರ್ವಕ್ಕೆ ಹಾರಿದ ನ್ಯೂಟ್ರಾನಿಗೆ ರಭಸ ಹೆಚ್ಚು. ನಿಜವಾದ ಕಾವಿನಲ್ಲಿ ಕಣಗಳು ಎಲ್ಲ ದಿಕ್ಕಿಗೂ ಓಡುತ್ತವೆ, ಹಾಗೆ ಹುಟ್ಟಿದ್ದಾದರೆ ಎರಡೂ ಕಡೆ ರಭಸ ಒಂದೇ ಇರಬೇಕು. ಕರೆಂಟು ಕೆಲವೇ ಕಣಗಳನ್ನು ಒಂದೇ ದಿಕ್ಕಿಗೆ ದಬ್ಬಿದ್ದರೆ? ಆಗಲೂ ನ್ಯೂಟ್ರಾನ್ ಬರುತ್ತದೆ. ಆದರೆ ಆ ದಾರಿಯಲ್ಲಿ ಎಷ್ಟು ದಬ್ಬಿದರೂ ಒಂದು ಕೆಟಲ್ ನೀರು ಕಾಯುವುದಿಲ್ಲ.

ನನ್ನ ಎಣಿಕೆಯಂತ್ರವೇ ಕೆಟ್ಟಿರಬಹುದು. ಕೆಟ್ಟಿರಲಿ, ದೇವರೇ.

ಮಾರ್ಚ್ 7

ಎರಡನ್ನೂ ಅದಲುಬದಲು ಮಾಡಿಟ್ಟು ಇನ್ನೊಂದು ಶಾಟ್ ನೋಡಿದೆ. ಮತ್ತೆ ಪೂರ್ವವೇ ಹೆಚ್ಚು. ಎಣಿಕೆಯಂತ್ರ ಕೆಟ್ಟಿಲ್ಲ.

ಮಾರ್ಚ್ 11

ಬರೆಯಲು ಧೈರ್ಯ ಬಂದಿರಲಿಲ್ಲ. ಇವತ್ತು ಇಮೊಜೆನ್‌ಗೆ ಹೇಳಿದೆ. ಕರೆಂಟಿನ ದಿಕ್ಕನ್ನು ತಿರುಗುಮುರುಗು ಮಾಡಿ ಒಂದು ಶಾಟ್ ಕೊಟ್ಟರೆ ಸಾಕು. ರಭಸ ಪಶ್ಚಿಮಕ್ಕೆ ಹೊರಳಿದರೆ ಅದು ಕರೆಂಟು ಬರೀ ದಬ್ಬಿದ್ದು, ಕಾವು ಅಲ್ಲ. ಅವಳು ಪೂರ್ತಿ ಕೇಳಿಸಿಕೊಂಡಳು. "ಸುಳ್ಳು ಹೇಳು ಅಂತಿಲ್ಲ ನಾನು. ಗುರುವಾರದವರೆಗೆ ತಡ್ಕೋ ಅಂತಿದೀನಿ, ಅಷ್ಟೆ."

ಶೆಡ್ಡಿನಲ್ಲಿ ಒಂದು ಕಟ್ಟಳೆ. ಶಾಟ್ ಹಾಳು ಮಾಡಿದವರು ಎಲ್ಲರಿಗೂ ಕೇಕ್ ತರಬೇಕು. ಸುದ್ದಿ ಹೇಗೋ ಹಬ್ಬಿದೆ. ಟ್ಯಾಮ್ಸಿನ್, ಈ ಸಲ ನೀನು ಮದುವೆಯ ದೊಡ್ಡ ಕೇಕನ್ನೇ ತರಬೇಕಾಗುತ್ತದೆ ಅಂತ ಎಲ್ಲರೂ ನನ್ನನ್ನು ಚುಡಾಯಿಸುತ್ತಾರೆ. ನಗು ಬರುವುದಿಲ್ಲ.

ಗೆಥಿನ್‌ಗೆ ಮಾತ್ರ ಯಾರೂ ಹೇಳಿಲ್ಲ. ಕಾರು ನಿಲ್ಲಿಸುವಲ್ಲಿ ಒಬ್ಬರೇ ಕೈ ಆಡಿಸುತ್ತ ಭಾಷಣ ಅಭ್ಯಾಸ ಮಾಡುತ್ತಿದ್ದರು. ಹೊಸ ಟೈ ಬೇರೆ. ಅವರನ್ನು ಕಂಡ ಕೂಡಲೇ ಶೌಚಾಲಯಕ್ಕೆ ಓಡಿದೆ. ಅಂಜುಬುರುಕಿ ನಾನು.

ಮಾರ್ಚ್ 12, ಮಧ್ಯಾಹ್ನ 2

ಗೆಥಿನ್‌ಗೆ ಹೇಳಿಬಿಟ್ಟೆ. ಕ್ಯಾಂಟೀನಿನಲ್ಲಿ, ಅವರು ಬೇಯಿಸಿದ ಆಲೂಗಡ್ಡೆಗೆ ಬೆಣ್ಣೆ ಹಚ್ಚುತ್ತಿದ್ದಾಗ. ತಲೆ ಎತ್ತಲಿಲ್ಲ. ಅದಲುಬದಲು ಮಾಡಿದೆಯಾ ಅಂತ ಕೇಳಿದರು. ಮಾಡಿದೆ ಅಂದೆ. ಬೆಣ್ಣೆಯ ಚಾಕುವನ್ನು ತಟ್ಟೆಯ ಅಂಚಿಗೆ ಒರಗಿಸಿದರು.

"ನನ್ನ ಕಣ್ಣಿಗೂ ಬಿದ್ದಿತ್ತು ಕಣಮ್ಮಾ, ಪೂರ್ವದ್ದು. ನಿನ್ನ ಎಣಿಕೆಯಂತ್ರ ಕೆಟ್ಟಿರ್ಲಿ ಅಂತ ಬೇಡ್ಕೊಂಡೆ."

ಇಬ್ಬರೂ ಬೇರೆ ಬೇರೆ ಕೂತು ಅದನ್ನೇ ಬೇಡಿಕೊಂಡಿದ್ದೇವೆ.

"ಈಗ್ಲೇ ಕರೆಂಟಿನ ಕೇಬಲ್ ತಿರುಗ್ಸೋಕೆ ಹೇಳು. ಬೆಳಿಗ್ಗೆ ಶಾಟ್. ಕೇಕ್ ನಂದು."

ಆಲೂಗಡ್ಡೆ ಹಾಗೇ ಬಿಟ್ಟು ಎದ್ದರು.

ಮಾರ್ಚ್ 13, ಗುರುವಾರ, ಬೆಳಗ್ಗೆ 9

ಕೇಬಲ್ ತಿರುಗಿಸಿ ಆಯಿತು. ಕಿಟಕಿಯಾಚೆ ಟೆಂಟು ತುಂಬುತ್ತಿದೆ. ಇಮೊಜೆನ್ ಕೈಕಟ್ಟಿ ನಿಂತಿದ್ದಾಳೆ. ಬಯ್ಯಲಿಲ್ಲ, ಬೈದಿದ್ದರೆ ವಾಸಿಯಿತ್ತು. ಪೂರ್ವದಲ್ಲೇ ಇರು, ಪೂರ್ವದಲ್ಲೇ ಇರು... ನನ್ನ ಮಾತು ಸುಳ್ಳಾಗಲಿ ಅಂತ ಇಷ್ಟು ಆಸೆ ಯಾವತ್ತೂ ಪಟ್ಟಿಲ್ಲ.

9.40

ಪಶ್ಚಿಮ.

ಗೆಥಿನ್ ಅಂಕಿಗಳನ್ನು ಎರಡು ಸಲ ನೋಡಿದರು. ನೀವು ವೇದಿಕೆಗೆ ಬರಬೇಡಿ, ನಾನೇ ಮಾತಾಡುತ್ತೇನೆ, ನ್ಯೂಟ್ರಾನ್ ಬಂದದ್ದಂತೂ ನಿಜವಲ್ಲವೇ ಅಂದಳು ಇಮೊಜೆನ್. ಅವರು ಟೈ ಸರಿಮಾಡಿಕೊಂಡು ಅವಳಿಗಿಂತ ಮುಂಚೆ ಹೊರಟೇಬಿಟ್ಟರು.

10

ಟೆಂಟಿನ ಕೊನೆಯ ಸಾಲು. ತೊಡೆಯ ಮೇಲಿಟ್ಟುಕೊಂಡು ಬರೆಯುತ್ತಿದ್ದೇನೆ. ಮೈಕು ಗೆಥಿನ್ ಕೈಯಲ್ಲಿ. ಭಾಷಣದ ಹಾಳೆ ತೆಗೆಯಲೇ ಇಲ್ಲ.

"ನ್ಯೂಟ್ರಾನ್ ಬಂದಿದೆ. ಆದ್ರೆ ನನ್ನ ಯಂತ್ರದೊಳಗಿನ ಜಲಜನಕ ಬೇಕಾದಷ್ಟು ಬಿಸಿಯಾಗಿಲ್ಲ. ಇವತ್ತು ಬೆಳಿಗ್ಗೆ ಖಾತ್ರಿ ಆಯ್ತು."

ಕುರ್ಚಿಗಳ ಸದ್ದು. ಮುಂದಿನ ಸಾಲಿನವರು ಕೆಲವರು ಎದ್ದು ಹೋಗುತ್ತಿದ್ದಾರೆ. ಹಾಗಾದರೆ ಇನ್ನೆಷ್ಟು ವರ್ಷ ಬೇಕು ಅಂತ ಪತ್ರಿಕೆಯವನೊಬ್ಬ ಕೇಳಿದ. ಗೆಥಿನ್‌ಗೆ ಎಪ್ಪತ್ತು ಸಮೀಪಿಸಿದೆ.

"ನನ್ನ ಹತ್ರ ಇರೋದಕ್ಕಿಂತ ಜಾಸ್ತಿ" ಅಂದರು.

ಯಾರೂ ನಗಲಿಲ್ಲ. ಈಗ ಸಾಲುಗಳಲ್ಲಿ ಯಾರನ್ನೋ ಹುಡುಕುತ್ತಿದ್ದಾರೆ. ನನ್ನನ್ನೇ. ಮೈಕನ್ನು ನನ್ನ ಕಡೆಗೆ ಚಾಚಿ "ಉಳಿದ ವರ್ಷ ಇವ್ಳದ್ದು" ಅನ್ನುತ್ತಿದ್ದಾರೆ—