ಒಂದು ಕಣ್ಣಿಗೆ ಕಂಡ ದೂರ

ಸುಂಟಿಕೊಪ್ಪ
೧೯೩೬ನೇ ಇಸವಿ ನವೆಂಬರ್ ೧೫, ಭಾನುವಾರ

ಮುದ್ದಿಯ ಅಪ್ಪನವರಿಗೆ,

ಕಮಲ ಕೈಮುಗಿದು ಬರೆಯುವುದು. ನಾವಿಬ್ಬರೂ ಇಲ್ಲಿ ಇದ್ದೇವೆ. ನೀವು ಅಲ್ಲಿ ಹೊತ್ತಿಗೆ ಸರಿಯಾಗಿ ಉಣ್ಣುತ್ತಿದ್ದೀರೆಂದು ನಂಬಿಕೊಂಡು ಬರೆಯಲು ಕೂತಿದ್ದೇನೆ.

ನಿಮ್ಮ ಕಾರ್ಡು ಬಂತು. ಮಳೆಗಾಲದ ಶುರುವಿನಲ್ಲಿ ಹೋದವರು ಈಗ ಕಾಫಿ ಹಣ್ಣಾಗುವ ಹೊತ್ತಿಗೆ ಮೂರು ಸಾಲು ಬರೆದಿದ್ದೀರಿ. ಮೈಸೂರಿನಲ್ಲಿ ಮರದ ಮಂಡಿಯೊಂದರಲ್ಲಿ ಕಾವಲಿಗೆ ಸೇರಿದ್ದೀರಿ, ಕ್ಷೇಮವಾಗಿದ್ದೀರಿ, ನಾನು ಮುದ್ದಿಯನ್ನು ಕರಕೊಂಡು ಮಾದಾಪುರಕ್ಕೆ ನನ್ನ ತವರಿಗೆ ಹೋಗಬೇಕು, ನಿಮ್ಮನ್ನು ಕಾಯಬಾರದು. ಇಷ್ಟೇ. ಓದಿ ಮಡಿಚಿ ಸೆರಗಿಗೆ ಕಟ್ಟಿಕೊಂಡು ಬಟ್ಟೆ ಒಗೆಯಲು ಹೋದೆ. ಅಳು ಬರಲಿಲ್ಲ. ಅಳುವುದಕ್ಕೂ ಮೈಯಲ್ಲಿ ಒಂದಿಷ್ಟು ಕಸುವು ಬೇಕು, ನನ್ನಲ್ಲಿ ಈಗ ಅದಿಲ್ಲ. ಕಾರ್ಡಿನಲ್ಲಿ ಏನಿದೆ ಎಂದು ಮುದ್ದಿ ಕೇಳಿದಳು. ಅಪ್ಪನಿಗೆ ಕೆಲಸ ಸಿಕ್ಕಿದೆ ಎಂದಷ್ಟೇ ಹೇಳಿದೆ.

ನಿಮ್ಮ ಮನಸ್ಸಿನಲ್ಲಿ ನಾನು ಗಂಡನ ಅನ್ನ ಕಿತ್ತ ಹೆಂಗಸು. ಊರಿನಲ್ಲೂ ಕೆಲವರು ಹಾಗೆಯೇ ಹೇಳುತ್ತಾರೆ. ನನ್ನ ಪಾಲಿನ ಮಾತನ್ನು ನಿಮಗೆ ಹೇಳಲು ಅವಕಾಶವಾಗಲಿಲ್ಲ. ಹೇಳಹೊರಟರೆ ನೀವು ಕೊಡೆ ತೆಗೆದುಕೊಂಡು ಹೊರಗೆ ನಡೆಯುತ್ತಿದ್ದಿರಿ. ಕಾಗದವಾದರೆ ಎದ್ದು ಹೋಗುವುದಿಲ್ಲ.

ಏಪ್ರಿಲ್‌ನಲ್ಲಿ ಬಸ್ಸನ್ನು ಹಿಂದಕ್ಕೆ ತೆಗೆಯುವಾಗ ನೀವು ಹೊರಗೆ ಬಗ್ಗಿ ನೋಡಿದಿರಿ, ಬಿದಿರಿನ ಕಡ್ಡಿ ಬಲಗಣ್ಣಿಗೆ ಹೊಡೆಯಿತು. ಮಡಿಕೇರಿ ಆಸ್ಪತ್ರೆಗೆ ಹೋಗಿ ಬಂದಿರಿ. ಕೆಂಪು ಇಳಿಯಿತು, ಊತ ಇಳಿಯಿತು. ಹೊರಗಿನಿಂದ ನೋಡಿದವರಿಗೆ ಎರಡು ಕಣ್ಣೂ ಒಂದೇ ರೀತಿ. ಆದರೆ ಆ ಕಣ್ಣಿಗೆ ಏನೂ ಕಾಣುವುದಿಲ್ಲವೆಂದು ನನಗೊಬ್ಬಳಿಗೆ ಹೇಳಿದಿರಿ. ಒಂದು ತಿಂಗಳಲ್ಲಿ ದೃಷ್ಟಿ ಮರಳುತ್ತದೆಂದು ಡಾಕ್ಟರು ಹೇಳಿದ್ದಾರೆ, ಅಲ್ಲಿಯವರೆಗೆ ಯಾರಿಗೂ ಗೊತ್ತಾಗಬಾರದು ಎಂದಿರಿ. ಆಯಿತು ಎಂದೆ. ನಾನೂ ದೇವರಿಗೆ ತುಪ್ಪದ ದೀಪ ಹೇಳಿಕೊಂಡು ಸುಮ್ಮನಾದೆ.

ಆದರೆ ಮನೆಯೊಳಗೆ ಎಷ್ಟು ದಿನ ಬಚ್ಚಿಡುತ್ತೀರಿ? ಕಾಫಿಯ ಲೋಟ ಕೊಟ್ಟರೆ ನಿಮ್ಮ ಕೈ ಲೋಟಕ್ಕಿಂತ ಮೊದಲೇ ಮುಚ್ಚಿಕೊಳ್ಳುತ್ತಿತ್ತು. ಬೀಡಿಯ ತುದಿ ಒಂದು ಕಡೆ, ಕಡ್ಡಿಯ ಬೆಂಕಿ ಇನ್ನೊಂದು ಕಡೆ. ಜಗಲಿಯ ಮೆಟ್ಟಿಲಿಳಿಯುವಾಗ ಕಾಲಿನಲ್ಲಿ ನೆಲ ತಡಕುತ್ತಿದ್ದಿರಿ. ಕೇಳಿದರೆ ಸಿಡುಕು. ಮನೆಯಲ್ಲಿ ಹೀಗಾದರೆ ರಸ್ತೆಯಲ್ಲಿ ಹೇಗೆ ಎಂದುಕೊಳ್ಳುತ್ತಿದ್ದೆ. ಸಂಜೆ ಬಸ್ಸಿನ ಹಾರನ್ನು ಕೇಳಿದ ಮೇಲೆಯೇ ಒಲೆ ಹಚ್ಚುತ್ತಿದ್ದೆ.

ಜೂನಿನಲ್ಲಿ ಆ ದಿನ ಮಡಿಕೇರಿಯಿಂದ ನಾನೂ ಮುದ್ದಿಯೂ ನಿಮ್ಮ ಬಸ್ಸಿನಲ್ಲೇ ಬಂದೆವು, ನಿಮ್ಮ ಪಕ್ಕದ ಸೀಟಿನಲ್ಲಿ. ಇಳಿಜಾರಿನಲ್ಲಿ ಮಂಜು ಕವಿದಿತ್ತು. ತಲೆಯನ್ನು ಆಚೆಗೆ ಈಚೆಗೆ ಆಡಿಸುತ್ತಾ ನೀವು ಬಸ್ಸು ಬಿಡುತ್ತಿದ್ದಿರಿ. ತಿರುವಿನಲ್ಲಿ ಕೆಂಚನ ಎತ್ತಿನ ಗಾಡಿ, ಅದರ ತುಂಬ ಬಿದಿರು. ಗಾಡಿ ನಿಮಗೆ ಕಂಡಿತು, ಬ್ರೇಕು ಹಾಕಿದಿರಿ. ಗಾಡಿಯಿಂದ ಹಿಂದಕ್ಕೆ ಚಾಚಿದ್ದ ಬಿದಿರಿನ ತುದಿಗಳು ಮಾತ್ರ ಎಷ್ಟು ಹತ್ತಿರವಿದ್ದವೆಂದು ತಿಳಿಯಲಿಲ್ಲ. ಗಾಜು ಒಡೆದು ಒಂದು ಗಳ ಒಳಗೆ ಬಂತು, ಮುದ್ದಿಯ ತಲೆಯ ಮೇಲಿಂದ ಹಿಂದಿನ ಸೀಟಿಗೆ ತಾಗಿ ನಿಂತಿತು. ಮಗು ನನ್ನ ಮಡಿಲಲ್ಲಿ ಮಲಗಿತ್ತು. ಎದ್ದು ಕೂತಿದ್ದರೆ? ಇವತ್ತಿಗೂ ಆ ಜಾಗಕ್ಕೆ ಬಂದರೆ ನನ್ನ ಯೋಚನೆ ಮುಂದಕ್ಕೆ ಹೋಗುವುದಿಲ್ಲ.

ಗಾಡಿಗೆ ಲಾಟೀನು ಇರಲಿಲ್ಲವೆಂದು ನೀವು ಹೇಳಿದಿರಿ. ಅದು ನಿಜವೇ. ತಪ್ಪೆಲ್ಲ ಕೆಂಚನ ಮೇಲೆ ಬಿತ್ತು. ಗಾಜಿನ ಲೆಕ್ಕ ತೀರುವವರೆಗೆ ಅವನ ಎತ್ತುಗಳನ್ನು ಬಸ್ಸಿನ ಶೆಡ್ಡಿನ ಹಿಂದೆ ಕಟ್ಟಿಹಾಕಿದರು. ಮಳೆಯಲ್ಲಿ ಅವನು ಎತ್ತುಗಳ ಪಕ್ಕದಲ್ಲೇ ಗೋಣಿ ಹೊದ್ದು ಕೂತಿದ್ದ. ಬೆಳಿಗ್ಗೆ ನೀವು ಅಲ್ಲಿಂದಲೇ ಹಾದುಹೋಗಿ ಬಸ್ಸು ಹತ್ತಿದಿರಿ.

ಅದಕ್ಕೂ ಮೊದಲು ನಿಮ್ಮನ್ನು ಬೇಡಿಕೊಂಡೆನಲ್ಲ. ನೀವೇ ಹೋಗಿ ಬಸ್ಸಿನ ಧಣಿಗೆ ಕಣ್ಣಿನ ವಿಷಯ ಹೇಳಿ, ಸ್ವಲ್ಪ ದಿನ ಬಿಡುವು ಕೇಳಿ ಎಂದೆ. ಆಗ ನೀವು ನನ್ನ ಕಡೆ ತಿರುಗದೆ ಹೇಳಿದ ಮಾತು ನನ್ನ ಕಿವಿಯಲ್ಲಿ ಹಾಗೆಯೇ ಉಂಟು.

“ಬಸ್ಸು ಬಿಟ್ರೆ ನಾನು ಯಾರು ಕಮಲ? ದೇರಪ್ಪ ಅಂದ್ರೆ ಬಸ್ಸು. ಅದಿಲ್ಲದೆ ನಂಗೆ ಹೆಸರೇ ಇಲ್ಲ.”

ನೀವು ಹೋದ ಮೇಲೆ ಮುದ್ದಿಯನ್ನು ಪಕ್ಕದ ಚೋಮಿಯ ಹತ್ತಿರ ಬಿಟ್ಟು ಕಲ್ಲೇಶಪ್ಪ ಧಣಿಗಳ ಮನೆಗೆ ನಡೆದೆ. ಅಂಗಳದಲ್ಲಿ ನಿಂತು ಇದ್ದದ್ದನ್ನು ಇದ್ದ ಹಾಗೆ ಹೇಳಿದೆ. ಅವರು ನಂಬಲಿಲ್ಲ. ದೇರಪ್ಪನಂಥ ಡ್ರೈವರು ಈ ಸೀಮೆಯಲ್ಲೇ ಇಲ್ಲ, ನಿಮ್ಮ ನಿಮ್ಮ ಜಗಳ ಇಲ್ಲಿಗೆ ತರಬೇಡ ಎಂದು ಗದರಿಸಿದರು. ಆದರೂ ಸಂಜೆ ನೀವು ಬರುವ ಹೊತ್ತಿಗೆ ಶೆಡ್ಡಿಗೆ ಬಂದರು. ನಾನು ಬೇಲಿಯ ಹೊರಗೆ ನಿಂತಿದ್ದೆ. ಬಸ್ಸಿನ ಬೀಗದ ಕೈಯನ್ನು ಹುರಿಯಲ್ಲಿ ಇಳಿಬಿಟ್ಟು ತಗೋ ದೇರಪ್ಪ ಎಂದರು. ನೀವು ಕೈ ಚಾಚಿದಿರಿ. ಬೆರಳುಗಳು ಬೀಗದ ಕೈಗಿಂತ ಈಚೆಗೇ ಮುಚ್ಚಿಕೊಂಡವು. ಶೆಡ್ಡಿನಲ್ಲಿದ್ದವರು ಯಾರೂ ನಗಲಿಲ್ಲ. ನಕ್ಕಿದ್ದರೆ ನೀವು ರೇಗುತ್ತಿದ್ದಿರಿ, ಬಹುಶಃ ಮನೆಗೆ ಬರುತ್ತಿದ್ದಿರಿ. ಧಣಿಗಳು ಬೀಗದ ಕೈಯನ್ನು ಜೇಬಿಗೆ ಹಾಕಿಕೊಂಡರು. ನೀವು ತಿರುಗಿ ಬೇಲಿಯಾಚೆ ನನ್ನನ್ನು ಕಂಡಿರಿ, ಹಾಗೆಯೇ ಫ್ರೇಜರ್‌ಪೇಟೆಯ ದಿಕ್ಕಿಗೆ ನಡೆದುಬಿಟ್ಟಿರಿ. ಕೂಗಿದೆ. ಕೇಳಿತೋ ಇಲ್ಲವೋ.

ಮರುದಿನ ಕೆಂಚನ ಎತ್ತುಗಳನ್ನು ಬಿಟ್ಟರು.

ಇನ್ನು ನಿಮಗೆ ಗೊತ್ತಿಲ್ಲದ್ದನ್ನು ಬರೆಯುತ್ತೇನೆ. ಆಗಸ್ಟಿನಲ್ಲಿ ಮುದ್ದಿಗೆ ಕಿವಿನೋವು ಬಂತು, ಆಸ್ಪತ್ರೆಗೆ ಕರಕೊಂಡು ಹೋದೆ. ನಿಮ್ಮನ್ನು ನೋಡಿದ ಡಾಕ್ಟರೇ ಇದ್ದರು. ನಿಮ್ಮ ಹೆಸರು ಹೇಳಿದ ಕೂಡಲೇ ಈಗ ಹೇಗಿದ್ದಾನೆ, ಒಂದು ಕಣ್ಣಿಗೆ ಒಗ್ಗಿಕೊಂಡನೇ ಎಂದು ಕೇಳಿದರು. ದೃಷ್ಟಿ ಮರಳುವುದಿಲ್ಲವೆಂದು ಅವರು ಮೊದಲ ದಿನವೇ ನಿಮಗೆ ಹೇಳಿದ್ದರಂತೆ. ಬಸ್ಸಿನ ಹತ್ತಿರ ಹೋಗಬೇಡ ಎಂದೂ ಹೇಳಿದ್ದರಂತೆ. ಒಂದು ತಿಂಗಳ ಮಾತು ನೀವು ನನಗಾಗಿ ಕಟ್ಟಿದ್ದು. ಕೋಪ ಬರಬೇಕಿತ್ತು. ಅಷ್ಟು ದಿನ ಇದನ್ನು ಒಬ್ಬರೇ ಹೊತ್ತು ತಿರುಗಿದಿರಲ್ಲ ಎಂದು ಅನ್ನಿಸಿ ಅಲ್ಲೇ ಬೆಂಚಿನ ಮೇಲೆ ಕೂತೆ.

ಒಂದು ಕಣ್ಣು ಚೆನ್ನಾಗಿಯೇ ಇರುವಾಗ ದೂರ ಯಾಕೆ ತಿಳಿಯುವುದಿಲ್ಲ ಎಂದು ಕೇಳಿದೆ. ಮೂಗಿನ ಮುಂದೆ ಬೆರಳು ಹಿಡಿದು ಕಣ್ಣುಗಳನ್ನು ಒಂದೊಂದಾಗಿ ಮುಚ್ಚಲು ಹೇಳಿದರು. ಕಿಟಕಿಯ ಸರಳಿನ ಮುಂದೆ ಬೆರಳು ಆಚೆಗೊಮ್ಮೆ ಈಚೆಗೊಮ್ಮೆ ಜಿಗಿಯಿತು. ಎರಡು ಕಣ್ಣುಗಳ ನಡುವೆ ಜಾಗವಿರುವುದರಿಂದ ಒಂದೊಂದಕ್ಕೂ ಕಾಣುವುದು ಬೇರೆ ಬೇರೆ ಚಿತ್ರ, ಆ ಎರಡನ್ನೂ ಕೂಡಿಸಿ ಮಿದುಳು ದೂರವನ್ನು ಅಳೆಯುತ್ತದೆ ಎಂದರು. ಹಿಡಿಯಿರುವ ಒಂದು ಮರದ ಯಂತ್ರ ಅವರ ಮೇಜಿನ ಮೇಲಿತ್ತು, ಅದಕ್ಕೆ ಕನ್ನಡಕದ ಹಾಗೆ ಎರಡು ಗಾಜು. ಒಂದೇ ಜಲಪಾತದ ಎರಡು ಫೋಟೋಗಳನ್ನು ಜೊತೆಜೊತೆಗೆ ಸಿಕ್ಕಿಸಿ ನೋಡೆಂದರು. ನೀರು ಬಂಡೆಯಿಂದ ಮುಂದಕ್ಕೆ ಬಂದು ನಿಂತಿತು, ಬಂಡೆಯ ಹಿಂದೆ ಕಾಡು ಆಳಕ್ಕೆ ಹೋಯಿತು. ಒಂದು ಕಣ್ಣು ಮುಚ್ಚಿದೆ. ಎಲ್ಲವೂ ಕಾಗದವಾಯಿತು. ನೀರೂ ಇತ್ತು, ಬಂಡೆಯೂ ಇತ್ತು, ನಡುವಿನ ಜಾಗ ಇರಲಿಲ್ಲ.

ಬೆಟ್ಟದಷ್ಟು ದೂರಕ್ಕೆ ಎರಡು ಕಣ್ಣಿನವರೂ ಒಂದು ಕಣ್ಣಿನವರೂ ಒಂದೇ ಅಂತೆ. ಅಲ್ಲಿ ಎಲ್ಲರೂ ಗಾತ್ರ, ನೆರಳು, ಯಾವುದು ಯಾವುದನ್ನು ಮರೆಮಾಡುತ್ತದೆ ಎಂಬುದರಿಂದಲೇ ತಿಳಿಯುವುದು. ತಲೆ ಆಡಿಸಿದರೆ ಹತ್ತಿರದ್ದು ಹೆಚ್ಚು ಸರಿಯುತ್ತದೆ, ದೂರದ್ದು ಕಡಿಮೆ, ಅದೂ ಒಂದು ಗುರುತು. ಇದನ್ನು ಯಾರೂ ಹೇಳಿಕೊಡದೆ ನೀವೇ ಕಂಡುಕೊಂಡಿದ್ದಿರಿ. ಒಗ್ಗಿದ ಮೇಲೆ ಎಷ್ಟೋ ಕೆಲಸ ಮೊದಲಿನಂತೆಯೇ ಮಾಡಬಹುದಂತೆ. ಮಂಜಿನಲ್ಲಿ ಮಾತ್ರ ಈ ಗುರುತುಗಳೂ ಅಳಿಸಿಹೋಗುತ್ತವೆ. ಹಾಗಾದರೆ ಇವರು ಇನ್ನು ಬಸ್ಸು ಬಿಡಬಹುದೇ ಎಂದು ಕೇಳಿದೆ. ಡಾಕ್ಟರು ನನ್ನ ಕೈಯಿಂದ ಆ ಯಂತ್ರವನ್ನು ತೆಗೆದುಕೊಂಡು ಹೇಳಿದರು.

“ಮುಂದೆ ನೋಡೋಣಮ್ಮ. ಆಗ ಬಿಡಬಾರದಿತ್ತು. ಕಲಿಯೋದಕ್ಕೆ ಸಮಯ ಬೇಕು, ಅದನ್ನ ಜನರನ್ನ ಕೂರಿಸಿಕೊಂಡು ಕಲಿಯೋ ಹಾಗಿಲ್ಲ.”

ಮನೆಗೆ ಬಂದ ಮೇಲೆ ಒಂದು ದಿನ ಬೆಳಿಗ್ಗೆ ನನ್ನ ಬಲಗಣ್ಣಿಗೆ ಬಟ್ಟೆ ಕಟ್ಟಿಕೊಂಡೆ. ನಿಮಗೆ ಏನಾಗಿತ್ತೆಂದು ತಿಳಿಯಬೇಕಿತ್ತು. ಗಂಜಿ ಬಸಿಯಲು ಹೋಗಿ ಕಾಲ ಮೇಲೆ ಸುರಿದುಕೊಂಡೆ. ಸೂಜಿಗೆ ನೂಲು ಪೋಣಿಸಲಾಗಲಿಲ್ಲ. ಬಾವಿಕಟ್ಟೆಯ ಮೇಲೆ ಇಟ್ಟೆನೆಂದುಕೊಂಡ ಕೊಡ ನೆಲಕ್ಕೆ ಬಿತ್ತು. ಮುದ್ದಿ ಮೊದಲು ನಕ್ಕಳು. ಆಮೇಲೆ ನನ್ನ ಮುಖ ನೋಡಿದಳೋ ಏನೋ, ಬಂದು ನನ್ನ ಕೈ ಹಿಡಿದು ಲೋಟದ ಮೇಲೆ ಇಟ್ಟಳು. ಇದು ನಾವು ನಿಮಗೆ ಮಾಡಬಹುದಾಗಿದ್ದ ಕೆಲಸ, ನೀವು ಬಿಡಲಿಲ್ಲ. ಸಂಜೆಯ ಹೊತ್ತಿಗೆ ತಲೆ ಸಿಡಿಯುತ್ತಿತ್ತು, ಕಂಡವರ ಮೇಲೆಲ್ಲ ರೇಗಬೇಕೆನ್ನಿಸುತ್ತಿತ್ತು. ಆಗ ನಿಮ್ಮ ಸಿಡುಕು ಅರ್ಥವಾಯಿತು. ನಾನು ಕಟ್ಟಿಕೊಂಡಿದ್ದು ಬಟ್ಟೆ, ದೀಪ ಹಚ್ಚುವಾಗ ಬಿಚ್ಚಿದೆ. ಒಲೆ, ಕಂಬ, ಮಗುವಿನ ಮುಖ ಎಲ್ಲ ತಮ್ಮ ತಮ್ಮ ಜಾಗಕ್ಕೆ ಎದ್ದು ಬಂದವು. ನಿಮಗೆ ಬಿಚ್ಚುವುದಕ್ಕೆ ಗಂಟೇ ಇಲ್ಲ.

ಇಷ್ಟೆಲ್ಲ ಬರೆದೆನೆಂದು ನಾನು ಹೇಳಿದ್ದು ತಪ್ಪಾಯಿತು ಎಂದು ಬರೆಯಲಾರೆ. ಆ ಬೆಳಿಗ್ಗೆ ಮತ್ತೆ ಬಂದರೆ ಮತ್ತೆ ನಡೆದು ಹೋಗಿ ಹೇಳುತ್ತೇನೆ. ನೀವು ಸಿಟ್ಟಿನಲ್ಲಿದ್ದರೂ ಬದುಕಿದ್ದೀರಿ, ಮಗು ಬದುಕಿದೆ, ಬಸ್ಸಿನಲ್ಲಿ ಕೂರುತ್ತಿದ್ದವರೆಲ್ಲ ಅವರವರ ಮನೆಯಲ್ಲಿದ್ದಾರೆ. ಇದಕ್ಕೆ ಬದಲಾಗಿ ನೀವು ನನ್ನ ಜೊತೆ ಮಾತು ಬಿಟ್ಟಿರಿ. ಆ ಬೆಲೆ ಕೊಟ್ಟಾಯಿತು.

ಕಲ್ಲೇಶಪ್ಪ ಧಣಿಗಳು ಸಂತೆಯಲ್ಲಿ ಸಿಕ್ಕಿದ್ದರು. ಶೆಡ್ಡಿನಲ್ಲಿ ಇಂಜಿನ್ ನೋಡುವವರಿಲ್ಲ, ದೇರಪ್ಪ ಕಿವಿಯಿಂದಲೇ ಕಾಯಿಲೆ ಹೇಳುವವನು, ಬಂದರೆ ನಾಳೆಯೇ ಕೆಲಸ ಎಂದರು. ಬಸ್ಸು ಬಿಡುವ ಮಾತು ಅವರೂ ಆಡಲಿಲ್ಲ, ನಾನೂ ಕೇಳಲಿಲ್ಲ. ನೀವು ಬೇಡವೆನ್ನಬಹುದು. ಬೇರೆಯವರು ಬಸ್ಸು ಹತ್ತುವುದನ್ನು ದಿನಾ ನೋಡುವುದು ಸುಲಭವಲ್ಲವೆಂದು ನನಗೆ ಗೊತ್ತು.

ಮಾದಾಪುರಕ್ಕೆ ನಾನು ಹೋಗುವುದಿಲ್ಲ. ಅಲ್ಲಿ ಅಣ್ಣ ಅತ್ತಿಗೆ ಬಾ ಎನ್ನುತ್ತಾರೆ, ಬಂದ ಮೇಲೆ ಯಾಕೆ ಬಂದೆ ಎನ್ನುತ್ತಾರೆ. ಅದಕ್ಕೆಲ್ಲ ಉತ್ತರ ಕೊಡುವಷ್ಟು ತ್ರಾಣವಿಲ್ಲ. ಜಗಳವಾಡುವ ತ್ರಾಣವೂ ಇಲ್ಲ, ಹಾಗಾಗಿ ಹೆದರಬೇಡಿ. ಕಾಯಬೇಡ ಎಂದಿದ್ದೀರಿ. ಸರಿ, ಇನ್ನು ಕಾಯುವುದಿಲ್ಲ.

ನಿಮ್ಮ
ಕಮಲ

ಮರೆತ ಮಾತು: ಕಾಯುವುದಿಲ್ಲ ಎಂದದ್ದನ್ನು ಬೇರೆ ಅರ್ಥ ಮಾಡಿಕೊಂಡೀರಿ. ಬರುವ ಗುರುವಾರದ ಬಸ್ಸಿಗೆ ನಾನೂ ಮುದ್ದಿಯೂ ಮೈಸೂರಿಗೆ ಹೊರಟಿದ್ದೇವೆ. ನಮ್ಮನ್ನು ನೋಡಲು ಇಷ್ಟವಿಲ್ಲದಿದ್ದರೆ ಸ್ಟ್ಯಾಂಡಿಗೆ ಬರಬೇಡಿ, ಅದೇ ಬಸ್ಸಿಗೆ ಹಿಂದಿರುಗುತ್ತೇವೆ. ಬಂದರೆ ಗುಂಪಿನಲ್ಲಿ ನಮ್ಮನ್ನು ಹುಡುಕುತ್ತ ಓಡಾಡಬೇಡಿ, ಒಂದು ಕಡೆ ನಿಂತಿರಿ. ನಾವು ನಿಮ್ಮ ಎಡಗಡೆಯಿಂದಲೇ ಬರುತ್ತೇವೆ.