ಯಂಗ್‌ಡೋಲ್ ಸಾಕಿದ ಆಡು

ಕೋರ್‌ಜೋಕ್, ಮೇ ತಿಂಗಳು

ಪ್ರೀತಿಯ ಅಮಾ-ಲೇ,

ಮಂಡಿನೋವೆಂದು ಲೇಹ್‌ ಪಟ್ಟಣಕ್ಕೆ ಹೋಗುವಾಗ ನೀವು ಕಳಿಸಿಕೊಟ್ಟ ಒಂಬತ್ತು ಪಶ್ಮೀನಾ ಆಡುಗಳೂ ಚೆನ್ನಾಗಿವೆ. ಹತ್ತು ದಿನ ಬೇರೆ ದೊಡ್ಡಿಯಲ್ಲಿಟ್ಟು, ಕೆಮ್ಮು, ಕಜ್ಜಿ ಇಲ್ಲವೆಂದು ನೋಡಿಕೊಂಡೇ ನಮ್ಮ ಮಂದೆಗೆ ಬಿಟ್ಟೆವು. ನಮ್ಮವು ಎರಡು ದಿನ ಗುದ್ದಾಡಿ ಸುಮ್ಮನಾದವು.

ಯಂಗ್‌ಡೋಲ್ ತೀರಿಕೊಂಡ ವರ್ಷ ನೀವು ಕರೆದೊಯ್ದಿದ್ದ ಬಿಳಿ ಆಡು ಮಾತ್ರ ಮಂದೆಗೆ ಸೇರದೆ, ನೆಟ್ಟಗೆ ಗುಡಾರದೊಳಗೆ ಬಂದು ಒಲೆಯ ಪಕ್ಕ ಮಲಗಿತು. ನಿಮ್ಮ ಅಳಿಯ ನನ್ನ ಮುಖ ನೋಡದೆ, "ಯಂಗ್‌ಡೋಲ್ ಇದನ್ನ ಮರಿಯಿಂದ ಇಲ್ಲೇ ಸಾಕಿದ್ಳು. ಹೊರಗೆ ಕಟ್ಲಾ?" ಅಂದರು.

"ಅದರ ಮನೆಗೆ ಅದು ಬಂದಿದೆ. ನಾನೇ ಆಮೇಲೆ ಬಂದೋಳು, ಬಿಡಿ," ಅಂದೆ. ಅವರು ಎದ್ದು ಹೊರಗೆ ಹೋಗಿ ಅದಕ್ಕೊಂದು ಹಿಡಿ ಹುಲ್ಲು ತಂದು ಹಾಕಿದರು.

ನಮ್ಮ ಮದುವೆಗೆ ನೀವು ಬರಲಿಲ್ಲ. ಮಗಳ ಜಾಗದಲ್ಲಿ ಇನ್ನೊಬ್ಬಳನ್ನು ನೋಡುವುದು ಎಷ್ಟು ಕಷ್ಟವೆಂದು ನನಗೂ ಗೊತ್ತು. ಆದರೆ ಮುಂದಿನ ತಿಂಗಳು ಉಣ್ಣೆ ಬಾಚಬೇಕು, ಬಿಳಿಯದು ನನ್ನ ಕೈಗೆ ಬಗ್ಗುತ್ತಿಲ್ಲ. ಯಂಗ್‌ಡೋಲ್ ಹೇಗೆ ಬಾಚುತ್ತಿದ್ದಳೆಂದು ಬಂದು ತೋರಿಸಿಕೊಡುತ್ತೀರಾ? ದಪ್ಪನೆಯ ಹಾಸಿಗೆಯೊಂದನ್ನು ಹೊಲಿದಿಟ್ಟಿದ್ದೇನೆ. ಕೆಲಸ ಮುಗಿದರೂ ನಿಮಗೆ ಹೋಗುವ ಅವಸರವಿಲ್ಲದಿದ್ದರೆ ನನಗೆ ಸಂತೋಷ.

ನಿಮ್ಮ ದಾರಿ ನೋಡುತ್ತಿರುವ,
ಕುನ್ಜೆಸ್