ಹದಿನಾಲ್ಕನೇ ಪಾಠ

ಮನೆ, ಅಡುಗೆಮನೆಯ ಮೇಜು
ಸೋಮವಾರ, ಹತ್ತನೇ ತಾರೀಖು, ಬೆಳಿಗ್ಗೆ

ಪ್ರೀತಿಯ ಅಣ್ಣಾ,

ಹೇಗಿದ್ದೀಯ? ಹೋದ ತಿಂಗಳು ಫೋನಿನಲ್ಲಿ ಮೊಣಕೈ ನೋವು ಅಂದಿದ್ದೆಯಂತೆ. ಕಡಿಮೆಯಾಯಿತೇ ಎಂದು ಕೇಳಲು ಅಮ್ಮ ಹೇಳಿದ್ದಾಳೆ, ಕೇಳಿದ್ದೇನೆ. ಬಿಸಿನೀರಿನ ಶಾಖ ಕೊಡಬೇಕಂತೆ, ಉದಾಸೀನ ಮಾಡಬಾರದಂತೆ. ಅಮ್ಮ ಚೆನ್ನಾಗಿದ್ದಾಳೆ. ಅಪ್ಪನ ಆರೋಗ್ಯವೂ ಚೆನ್ನಾಗಿದೆ, ಕೆಲಸವೂ ಉಳಿದಿದೆ. ಕೆಲಸ ಹೋಗುವುದರಲ್ಲಿತ್ತು ಎಂಬುದು ನಿನಗೆ ಗೊತ್ತಿಲ್ಲ, ಏಕೆಂದರೆ ನಿನಗೆ ಹೇಳಕೂಡದು ಎಂದು ಅಪ್ಪ ನಮ್ಮಿಬ್ಬರಿಂದಲೂ ಮಾತು ತೆಗೆದುಕೊಂಡಿದ್ದರು. ಆ ಮಾತನ್ನು ಈಗ ಮುರಿಯುತ್ತಿದ್ದೇನೆ. ಫೋನಿನಲ್ಲಾದರೆ ನೀನು ಎರಡು ತಮಾಷೆ ಮಾಡಿ ನನ್ನ ಬಾಯಿ ಮುಚ್ಚಿಸಿಬಿಡುತ್ತೀಯ, ಚಿಕ್ಕಂದಿನಿಂದಲೂ ಅದೇ ಆಗಿದೆ. ಕಾಗದದ ಮೇಲೆ ನೀನು ಅಡ್ಡಬಾಯಿ ಹಾಕಲಾರೆ. ನನಗೆ ನಿನ್ನ ಮೇಲೆ ಕೆಟ್ಟ ಸಿಟ್ಟು ಬಂದಿದೆ. ಇದನ್ನು ಮೊದಲೇ ಹೇಳಿಬಿಡುತ್ತೇನೆ, ಇಲ್ಲದಿದ್ದರೆ ಹತ್ತು ಸಾಲು ಬರೆಯುವಷ್ಟರಲ್ಲಿ ಮೆತ್ತಗಾಗಿ, ಕೊನೆಗೆ ನಾನೇ ಕ್ಷಮೆ ಕೇಳಿ ಮುಗಿಸಿಬಿಡುತ್ತೇನೆ.

ಒಂದು ತಿಂಗಳ ಹಿಂದೆ ಅಪ್ಪನ ನಾಟಕ ಮಂದಿರಕ್ಕೆ ಹೊಸ ಸಂಗೀತ ನಿರ್ದೇಶಕರು ಬಂದರು. ಕೆಟ್ಟ ಮನುಷ್ಯರೇನಲ್ಲ, ಎಲ್ಲರನ್ನೂ ಬಹುವಚನದಲ್ಲೇ ಮಾತಾಡಿಸುತ್ತಾರೆ. ಆದರೆ ವಾದ್ಯದವರೆಲ್ಲ ಬರೆದ ಸಂಗೀತವನ್ನು ಓದಿಯೇ ನುಡಿಸಬೇಕು, ಬರೀ ಕಿವಿಯನ್ನು ನಂಬಿಕೊಂಡು ಇನ್ನು ಮುಂದೆ ನಡೆಯುವುದಿಲ್ಲ ಎಂದರಂತೆ. ಒಬ್ಬೊಬ್ಬರನ್ನೇ ಕರೆದು ಪರೀಕ್ಷೆ ಮಾಡಿದರು. ಅಪ್ಪನ ಸರದಿ ಬಂದಾಗ ಸ್ಟ್ಯಾಂಡಿನ ಮೇಲೆ ಇಟ್ಟದ್ದು ನೀನು ಎರಡು ವರ್ಷದ ಹಿಂದೆ ಅಚ್ಚು ಹಾಕಿಸಿದ ಡ್ರಮ್ ಪಾಠಗಳ ಪುಸ್ತಕ. ‘ನಿಮ್ಮ ಮಗಂದೇ ಅಲ್ವಾ, ನಿಮಗೇನು ಕಷ್ಟ’ ಎಂದು ಹದಿನಾಲ್ಕನೇ ಪಾಠ ತೆರೆದರು. ಆ ವೇದಿಕೆಯ ಕೆಳಗೆ ಕೂತು ಮೂವತ್ತೊಂದು ವರ್ಷ ಡ್ರಮ್ ನುಡಿಸಿದ ಮನುಷ್ಯ, ಕೈಯಲ್ಲಿ ಕೋಲು ಹಿಡಿದು ಆ ಪುಟವನ್ನೇ ದಿಟ್ಟಿಸುತ್ತ ಕೂತರಂತೆ. ಕೊನೆಗೆ ‘ಕನ್ನಡಕ ತಂದಿಲ್ಲ ಸಾರ್’ ಎಂದರು. ಕನ್ನಡಕ ಹಣೆಯ ಮೇಲಿತ್ತು. ಪಿಟೀಲಿನವರು ನಕ್ಕುಬಿಟ್ಟರಂತೆ. ನಿರ್ದೇಶಕರು ನಗಲಿಲ್ಲ, ಮೂರು ವಾರ ಗಡುವು ಕೊಟ್ಟರು. ಅಷ್ಟರಲ್ಲಿ ಓದಲು ಬರದಿದ್ದರೆ ಓದಬಲ್ಲ ಬೇರೆಯವರನ್ನು ನೋಡಿಕೊಳ್ಳಬೇಕಾಗುತ್ತದೆ ಎಂದರು. ಇದನ್ನೆಲ್ಲ ಅಪ್ಪ ತಗ್ಗಿದ ದನಿಯಲ್ಲಿ ಅಮ್ಮನಿಗೆ ಹೇಳುತ್ತಿದ್ದಾಗ ನಾನು ಬಾಗಿಲಾಚೆ ಬಟ್ಟೆ ಮಡಿಸುತ್ತಿದ್ದೆ. ಒಂದೇ ಅಂಗಿಯನ್ನು ನಾಲ್ಕು ಸಲ ಮಡಿಸಿದೆ.

ಮರುದಿನ ನಿನ್ನ ಪುಸ್ತಕವನ್ನು ಗಾಜಿನ ಕಪಾಟಿನಿಂದ ತೆಗೆದೆ. ಅಪ್ಪ ಅದಕ್ಕೆ ಎರಡು ಪದರ ಪ್ಲಾಸ್ಟಿಕ್ ಹೊದಿಸಿದ್ದಾರೆ. ಬಂದವರಿಗೆ ತೋರಿಸುವ ಮುಂಚೆ ಅಂಗೈಯನ್ನು ಪ್ಯಾಂಟಿಗೆ ಒರೆಸಿಕೊಳ್ಳುತ್ತಾರೆ. ಮೊದಲು ನಾನು ಕಲಿಯುವುದು, ಆಮೇಲೆ ಅಪ್ಪನಿಗೆ ಕಲಿಸುವುದು ಎಂದು ನನ್ನ ಯೋಚನೆ. ಗ್ರಂಥಾಲಯದಲ್ಲಿ ನನ್ನದು ಮಧ್ಯಾಹ್ನದ ಪಾಳಿ, ಬೆಳಿಗ್ಗೆಯೆಲ್ಲ ಬಿಡುವು. ಪದ್ಯಗಳಿಗೆ ಪ್ರಸ್ತಾರ ಹಾಕಿ, ಲಘುವಿಗೊಂದು ಗುರುವಿಗೊಂದು ಗುರುತಿಟ್ಟು ಡಿಗ್ರಿ ತೆಗೆದುಕೊಂಡವಳಿಗೆ ಐದು ಗೆರೆಯ ಮೇಲೆ ಬರೆಯುವ ಈ ಸಂಗೀತ ಲಿಪಿ ಏನು ಮಹಾ ಎಂದುಕೊಂಡಿದ್ದೆ. ಒಂದೇ ದಿನದಲ್ಲಿ ಸೊಕ್ಕು ಇಳಿಯಿತು. ಇಲ್ಲಿ ಗೆರೆ ಸ್ವರದ ಎತ್ತರವನ್ನು ಹೇಳುವುದಿಲ್ಲ, ಯಾವುದಕ್ಕೆ ಹೊಡೆಯಬೇಕೆಂದು ಹೇಳುತ್ತದೆ. ತೀರ ಕೆಳಗಿನ ಸಂದಿಯಲ್ಲಿ ಕೂತ ಚುಕ್ಕಿ ಕಾಲಿನಿಂದ ಒದೆಯುವ ದೊಡ್ಡ ಡ್ರಮ್ಮು. ಮೇಲಿನಿಂದ ಎರಡನೇ ಸಂದಿಯದು ಮಡಿಲ ಮುಂದಿನ ಚಿಕ್ಕ ಡ್ರಮ್ಮು. ಎಲ್ಲ ಗೆರೆಗಳ ಮೇಲೆ, ತಪ್ಪು ಉತ್ತರಕ್ಕೆ ಮೇಷ್ಟ್ರು ಹಾಕುವಂಥ ಕತ್ತರಿ ಗುರುತು ಬಂದರೆ ಕಂಚಿನ ತಟ್ಟೆ. ಅದೇ ಕತ್ತರಿ ಚಿಕ್ಕ ಡ್ರಮ್ಮಿನ ಸಂದಿಗೆ ಇಳಿದರೆ ಚರ್ಮಕ್ಕಲ್ಲ, ಅಂಚಿಗೆ ಹೊಡೆಯಬೇಕು. ಕಂಸದೊಳಗಿನ ಚುಕ್ಕಿಯನ್ನು ಕೇಳಿಸಿಯೂ ಕೇಳಿಸದ ಹಾಗೆ ಮುಟ್ಟಬೇಕು. ಸುಮ್ಮನಿರುವುದಕ್ಕೂ ಗುರುತಿದೆ, ಸೊಟ್ಟಗಾದ ಸೂಜಿಯಂತೆ ಕಾಣುತ್ತದೆ, ಅಲ್ಲಿ ಕೈ ಎತ್ತಿ ಕಾಯಬೇಕು. ಹೊಟ್ಟೆ ಉರಿದರೂ ಹೇಳುತ್ತೇನೆ, ಇದನ್ನೆಲ್ಲ ನೀನು ಚೆನ್ನಾಗಿ ವಿವರಿಸಿದ್ದೀಯ. ಮೊದಲ ಹದಿಮೂರು ಪಾಠ ಮುಗಿಸುವವರೆಗೆ ನನಗೆ ನಿನ್ನ ಬಗ್ಗೆ ಹೆಮ್ಮೆಯೇ ಇತ್ತು. ಎರಡು ಮರದ ಸೌಟು, ಬೋರಲು ಹಾಕಿದ ಪಾತ್ರೆ, ಮೇಜಿನ ಅಂಚು, ನೆಲಕ್ಕೆ ಹಿಮ್ಮಡಿ, ಇಷ್ಟು ನನ್ನ ವಾದ್ಯ. ‘ಮನೇಲಿ ಒಬ್ರು ಕುಟ್ಟೋದು ಸಾಲ್ದು ಅಂತ ನೀನೂ ಶುರು ಹಚ್ಕೊಂಡ್ಯಾ’ ಎಂದು ಅಮ್ಮ ಒಳ್ಳೆಯ ಪಾತ್ರೆಯನ್ನು ಕಸಿದುಕೊಂಡು ತಳ ಸೋರುವ ಹಳೆಯದನ್ನು ಕೊಟ್ಟಳು.

ಎಂಟನೇ ದಿನ ಹದಿನಾಲ್ಕನೇ ಪಾಠಕ್ಕೆ ಬಂದೆ. ಪುಟದಲ್ಲಿ ಗೆರೆ ಎಳೆದು ಬೇರ್ಪಡಿಸಿದ ಒಂದೊಂದೇ ಮನೆಯನ್ನು ಎಣಿಸುತ್ತ, ಕುಂಟುತ್ತ ಬಾರಿಸುತ್ತಿದ್ದೆ. ಹಜಾರದಲ್ಲಿ ಅಪ್ಪ ಗಡ್ಡ ಕೆರೆದುಕೊಳ್ಳುತ್ತಿದ್ದರು. ‘ಎಡಗೈ ಹಗುರ ಮಾಡು ಮಗಳೇ, ಬಿರುಗಾಳಿ ಇನ್ನೂ ದೂರ ಇದೆ’ ಎಂದರು. ನನಗೆ ಅರ್ಥವಾಗಲಿಲ್ಲ. ಮುಖದ ತುಂಬ ಸಾಬೂನಿನ ನೊರೆ ಇಟ್ಟುಕೊಂಡೇ ಅಡುಗೆಮನೆಗೆ ಬಂದು, ನನ್ನ ಕೈಯಿಂದ ಸೌಟು ತೆಗೆದುಕೊಂಡು, ನಾನು ನಿಲ್ಲಿಸಿದ್ದ ಜಾಗದಿಂದ ಕೊನೆಯವರೆಗೆ ನುಡಿಸಿದರು. ಪುಸ್ತಕ ನನ್ನ ಕಡೆಗೆ ತಿರುಗಿತ್ತು, ಅಪ್ಪ ಅದನ್ನು ನೋಡಲೇ ಇಲ್ಲ. ನಾನು ಬೆರಳಿಟ್ಟು ಗೆರೆಗೆ ಗೆರೆ ಹೋಲಿಸುತ್ತ ಹೋದೆ. ಒಂದು ಚುಕ್ಕಿ ತಪ್ಪಲಿಲ್ಲ. ಕೊನೆಗೆ ಅಂಚಿಗೆ ಎರಡು ಪೆಟ್ಟು, ಅದೂ ಪುಟದಲ್ಲಿತ್ತು. ‘ಇದು ನಿನಗೆ ಹೇಗೆ ಗೊತ್ತು ಅಪ್ಪಾ’ ಎಂದು ಕೇಳಿದೆ. ಹಳೆಯ ನಾಟಕವೊಂದರ ಎರಡನೇ ಅಂಕದ ಬಿರುಗಾಳಿಗೆ ತಾವೇ ಕಟ್ಟಿದ್ದು, ನಾವಿಬ್ಬರೂ ಹುಟ್ಟುವ ಮುಂಚೆಯೇ ಎಂದರು. ಆ ಎರಡು ಪೆಟ್ಟು ಯಾಕೆಂದು ಗೊತ್ತೇ ನಿನಗೆ? ಪರದೆ ಎಳೆಯುವವನು ನಿಲ್ಲುವ ಮೂಲೆಯಿಂದ ವೇದಿಕೆ ಕಾಣುತ್ತಿರಲಿಲ್ಲ. ಅಂಚಿನ ಮೊದಲ ಪೆಟ್ಟಿಗೆ ಅವನು ಹಗ್ಗ ಹಿಡಿಯಬೇಕು, ನಟ ನೆಲಕ್ಕೆ ಬಿದ್ದದ್ದನ್ನು ನೋಡಿ ಅಪ್ಪ ಎರಡನೆಯದು ಹೊಡೆದಾಗ ಎಳೆಯಬೇಕು. ಈಗ ಪರದೆಗೆ ಮೋಟಾರು ಬಂದಿದೆ, ಅಪ್ಪನ ಕೈಗೆ ಮಾತ್ರ ಅಭ್ಯಾಸ ಹೋಗಿಲ್ಲ. ನೀನು ಅದರ ಕೆಳಗೆ ಸಣ್ಣ ಅಕ್ಷರದಲ್ಲಿ ಹೀಗೆ ಬರೆದಿದ್ದೀಯ: ‘ಅಂಚಿನ ಈ ಎರಡು ಪೆಟ್ಟುಗಳು ರಚನೆಗೆ ಅನಿರೀಕ್ಷಿತ ಮುಕ್ತಾಯ ನೀಡುತ್ತವೆ, ಇದು ನನ್ನ ಸ್ವಂತ ಪ್ರಯೋಗ.’ ಕದ್ದ ಅಂಗಿಯ ಜೊತೆ ಅದಕ್ಕೆ ಸಿಕ್ಕಿಸಿದ್ದ ಅಗಸರ ಚೀಟಿಯನ್ನೂ ಹಾಕಿಕೊಂಡು ಮೆರೆದಿದ್ದೀಯ ಅಣ್ಣಾ.

ಆಮೇಲೆ ನಾನು ಬಿಡಲಿಲ್ಲ. ದಿನಕ್ಕೆ ಮೂರರಂತೆ ಉಳಿದ ಪಾಠಗಳನ್ನೆಲ್ಲ ಅಪ್ಪನ ಮುಂದೆ ಬಾರಿಸಿದೆ. ಇದು ಕಳ್ಳ ಗೋಡೆ ಹಾರುವುದು, ಇದು ಮುದುಕಿ ಮೆಟ್ಟಿಲು ಹತ್ತುವುದು, ಇದು ಸೈನಿಕ ಊರುಗೋಲು ಹಿಡಿದು ವಾಪಸು ಬರುವುದು ಎಂದು ಅಪ್ಪ ಹೇಳುತ್ತ ಹೋದರು, ನಾನು ಪುಟದ ಪಕ್ಕದಲ್ಲಿ ಪೆನ್ಸಿಲಿನಿಂದ ಬರೆದುಕೊಂಡೆ. ಹದಿನಾಲ್ಕರಿಂದ ಮೂವತ್ತಾರರವರೆಗೆ ಇಪ್ಪತ್ತಮೂರು ಪಾಠ. ಒಂದೂ ನಿನ್ನದಲ್ಲ. ಕಾಲೇಜಿನ ಕೊನೆಯ ರಜೆಯಲ್ಲಿ ಸ್ಟೂಲಿನ ಮೇಲೆ ಮೊಬೈಲ್ ಇಟ್ಟು ‘ನೆನಪಿಗಿರ್ಲಿ ಅಪ್ಪಾ, ಎಲ್ಲ ಬಾರ್ಸು’ ಎಂದು ದಿನಗಟ್ಟಲೆ ಕೂರಿಸಿದ್ದೆಯಲ್ಲ, ಆಗ ನಾನೇ ನಿಮ್ಮಿಬ್ಬರಿಗೂ ನೀರು ತಂದುಕೊಡುತ್ತಿದ್ದೆ. ಮಗ ತನ್ನನ್ನು ಅಷ್ಟು ಹೊತ್ತು ಕೇಳುತ್ತಾನೆಂದು ಅಪ್ಪ ಆ ರಜೆಯಿಡೀ ಹುರುಪಿನಲ್ಲಿದ್ದರು. ಈಗ ಎಲ್ಲ ತಿಳಿದ ಮೇಲೂ ಅವರು ಬೈಯಲಿಲ್ಲ. ಮೊದಲು ನಕ್ಕರು. ‘ಹೋಗ್ಲಿ ಬಿಡು, ಮನೆಯವನೇ ತಾನೇ’ ಎಂದರು. ಆಮೇಲೆ ‘ನನ್ನ ಹೆಸರು ಎಲ್ಲೂ ಹಾಕಿಲ್ವಾ’ ಎಂದು ಕೇಳಿದರು. ಕೃತಜ್ಞತೆಯ ಪುಟವನ್ನು ಆಗಲೇ ಮೂರು ಸಲ ಓದಿದ್ದೆ. ನಿನ್ನ ಪ್ರಾಧ್ಯಾಪಕರಿದ್ದಾರೆ, ಡ್ರಮ್ ಅಂಗಡಿಯವರಿದ್ದಾರೆ, ಕಂಪ್ಯೂಟರ್ ಕೊಟ್ಟ ಗೆಳೆಯನಿದ್ದಾನೆ, ಬಾಡಿಗೆ ಮನೆಯ ಯಜಮಾನಿ ಕೂಡ ಇದ್ದಾಳೆ. ‘ಅದೊಂದು ಪುಟ ಹರಿದುಹೋಗಿದೆ ಅಪ್ಪಾ’ ಎಂದೆ. ಅಪ್ಪನಿಗೆ ನಾನು ಸುಳ್ಳು ಹೇಳಿದ್ದು ಅದೇ ಮೊದಲು. ಅದೂ ನಿನ್ನ ಲೆಕ್ಕಕ್ಕೇ.

ಹೋದ ಗುರುವಾರ ಎರಡನೇ ಪರೀಕ್ಷೆ, ಅಪ್ಪನ ಜೊತೆ ನಾನೂ ಹೋಗಿದ್ದೆ. ದಿನವೂ ನನ್ನ ಜೊತೆ ಕೂತು ಅಪ್ಪ ನಿಜವಾಗಿಯೂ ಕಲಿತಿದ್ದರು, ನಿಧಾನವಾಗಿ ಓದಬಲ್ಲರು. ಆದರೆ ನಿರ್ದೇಶಕರು ಇಟ್ಟದ್ದು ಮತ್ತೆ ಅದೇ ಹದಿನಾಲ್ಕು. ಅಪ್ಪ ಕನ್ನಡಕ ಸರಿಯಾಗಿ ಮೂಗಿನ ಮೇಲಿಟ್ಟು, ಪುಟದಿಂದ ಕಣ್ಣು ಕೀಳದೆ ನುಡಿಸಿದರು. ಕೊನೆಯಲ್ಲಿ ಅಂಚಿಗೆ ಒಂದು ಪೆಟ್ಟು ಹೊಡೆದು, ಕತ್ತೆತ್ತಿ ಖಾಲಿ ವೇದಿಕೆಯನ್ನು ನೋಡಿ, ಆಮೇಲೆ ಎರಡನೆಯದು ಹೊಡೆದರು. ನಿರ್ದೇಶಕರಿಗೆ ತುಂಬ ಸಂತೋಷವಾಯಿತು. ‘ಮಗನ ಹತ್ರ ಚೆನ್ನಾಗಿ ಕಲ್ತಿದ್ದೀರಿ ಯಜಮಾನ್ರೇ’ ಎಂದರು. ಅಪ್ಪ ‘ಹೌದು ಸಾರ್’ ಎಂದರು. ಒಂದೇ ಒಂದು ದೋಷವಂತೆ, ಕೊನೆಯ ಪೆಟ್ಟು ತಡವಾಯಿತಂತೆ, ಪುಸ್ತಕದಲ್ಲಿ ಇರುವ ಹಾಗೆ ಹೊಡೆಯಬೇಕಂತೆ. ನೀನು ರೆಕಾರ್ಡ್ ಮಾಡಿದ್ದು ಮನೆಯಲ್ಲಿ, ಅಲ್ಲಿ ಬೀಳುವ ನಟ ಎಲ್ಲಿದ್ದ? ಅಪ್ಪ ಕಾಯದೆ ಹೊಡೆದದ್ದನ್ನು ನೀನು ಹಾಗೇ ಬರೆದೆ. ಅದನ್ನು ಹಿಡಿದು ಈಗ ಅಪ್ಪನನ್ನು ತಿದ್ದುತ್ತಿದ್ದಾರೆ. ಅಪ್ಪ ‘ತಿದ್ಕೋತೀನಿ ಸಾರ್’ ಎಂದರು. ನಾನು ಕಂಬದ ಪಕ್ಕದಲ್ಲಿ ಕೈಚೀಲ ಅವುಚಿಕೊಂಡು ನಿಂತಿದ್ದೆ. ನಾಲ್ಕು ಹೆಜ್ಜೆ ಮುಂದೆ ಬಂದು ಬಾಯಿ ಬಿಡಬೇಕಿತ್ತು. ಬಿಡಲಿಲ್ಲ. ನಿನ್ನ ಮೇಲಿನ ಸಿಟ್ಟಿನಲ್ಲಿ ಅರ್ಧ ನನ್ನ ಮೇಲಿನದು, ಅದನ್ನು ಬಚ್ಚಿಡುವುದಿಲ್ಲ. ಆದರೆ ನಾನು ಸುಮ್ಮನಿದ್ದದ್ದು ಒಂದು ದಿನ. ನೀನು ಸುಮ್ಮನಿದ್ದು ಎರಡು ವರ್ಷವಾಯಿತು.

ಅಮ್ಮನ ಆಶೀರ್ವಾದ. ಅವಳಿಗೆ ಇದರಲ್ಲಿ ಅರ್ಧ ಮಾತ್ರ ಗೊತ್ತು. ಅಪ್ಪ ನಿನಗೆ ಒಳ್ಳೆಯದಾಗಲಿ ಎಂದು ಯಾವಾಗಲೂ ಹೇಳುತ್ತಾರೆ, ಈಗಲೂ ಹೇಳುತ್ತಾರೆ, ಅದನ್ನು ಬರೆಯಲು ನನಗೆ ಮನಸ್ಸಿರಲಿಲ್ಲ. ಮೊಣಕೈ ನೋಡಿಕೋ.

ನಿನ್ನ ತಂಗಿ

ತಾ.ಕ.: ಅಂಚೆ ಡಬ್ಬಿ ತೆಗೆಯುವ ಹೊತ್ತಾಯಿತು, ಬೇಗ ಬರೆಯುತ್ತೇನೆ. ಇಪ್ಪತ್ತೆರಡನೇ ತಾರೀಖಿನಿಂದ ಮಂದಿರದಲ್ಲಿ ಎರಡು ದಿನದ ತರಬೇತಿ ಶಿಬಿರವಿದೆ. ಕಲಿಸಲು ನಿನ್ನನ್ನೇ ಕರೆಯುತ್ತಿದ್ದಾರೆ, ಆಹ್ವಾನ ಈ ವಾರ ನಿನ್ನ ಕೈಸೇರುತ್ತದೆ. ಕಲಿಯುವವರ ಪಟ್ಟಿಯನ್ನು ಬೋರ್ಡಿಗೆ ಅಂಟಿಸಿದ್ದಾರೆ, ಮೂರನೇ ಹೆಸರು ಅಪ್ಪನದು. ಮಗ ಬರುತ್ತಾನೆಂದು ಖುಷಿಯಿಂದ ತಾವೇ ಸಹಿ ಹಾಕಿ ಬಂದಿದ್ದಾರೆ. ನಿರ್ದೇಶಕರಿಗೆ ಒಪ್ಪಿಕೊಂಡು ಬರೆಯುವ ಕಾಗದದಲ್ಲಿ ಆ ಇಪ್ಪತ್ತಮೂರು ಪಾಠ ಯಾರವು ಎಂಬುದನ್ನೂ ಬರೆ. ಹತ್ತೊಂಬತ್ತರವರೆಗೆ ಕಾಯುತ್ತೇನೆ. ನೀನು ಬರೆಯದಿದ್ದರೆ ಇಪ್ಪತ್ತರ ಬೆಳಿಗ್ಗೆ ನಿರ್ದೇಶಕರ ಕೋಣೆಗೆ ನಾನೇ ಹೋಗುತ್ತೇನೆ. ಹೇಳಬೇಕಾದದ್ದು ಒಟ್ಟು ನಾಲ್ಕು ವಾಕ್ಯ. ಶುಕ್ರವಾರದಿಂದ ಕನ್ನಡಿಯ ಮುಂದೆ ನಿಂತು ಹೇಳುತ್ತಿದ್ದೇನೆ. ನಿನ್ನೆಯಿಂದ ತಡವರಿಸುತ್ತಿಲ್ಲ.